ನಾಲ್ಕನೆಯ ಜ್ವರ ಮತ್ತು ಹನ್ನೆರಡು ಬಿಸ್ಕತ್ತು

1954ನೆಯ ಇಸವಿ ಡಿಸೆಂಬರ್ ತಿಂಗಳ ಎರಡನೆಯ ಮಂಗಳವಾರ, ಬೆಳಿಗ್ಗೆ ಹತ್ತರಿಂದ ಹನ್ನೊಂದು ಗಂಟೆಯೊಳಗೆ, ಕೊಳ್ಳೇಗಾಲದಲ್ಲಿ ನಮ್ಮ ಅಕ್ಕನ ಮನೆಯ ಹಿತ್ತಲಿನಲ್ಲಿ ಹನ್ನೆರಡು ಚೀಸ್ ಬಿಸ್ಕತ್ತುಗಳು ಬೆಂದವು. ಅವುಗಳ ಮೇಲೆ ಬೆಳ್ಳುಳ್ಳಿ ಬೆಣ್ಣೆ ಸವರಲಾಗಿತ್ತು. ಬೇಯಿಸಿದವನು ನಾನು. ಅದೇ ದಿನ ಮಧ್ಯಾಹ್ನದಿಂದ ಅಕ್ಕ ನನ್ನೊಡನೆ ಮಾತು ಬಿಟ್ಟಳು. ಇಷ್ಟರಲ್ಲಿ ಸಂದೇಹಕ್ಕೆ ಎಡೆಯಿಲ್ಲ. ಮುಂದಿನ ಕೆಲವು ಸಂಗತಿಗಳಲ್ಲಿ ಇದೆ, ಅಲ್ಲಲ್ಲೇ ಹೇಳುತ್ತೇನೆ.

ಹೀಗೆ ಬರೆಯುವುದು ನನ್ನ ಕಸುಬಿನಿಂದ ಬಂದ ಅಭ್ಯಾಸ. ಅಕ್ಕನ ಮನೆಯಲ್ಲೇ ಇದ್ದುಕೊಂಡು, ಮೈಸೂರಿನ ಒಂದು ದಿನಪತ್ರಿಕೆಗೆ ನಾನು ಆರು ವರ್ಷದಿಂದ ಕೊಳ್ಳೇಗಾಲದ ಬಾತ್ಮೀದಾರ. ನಮ್ಮೂರು ಮದರಾಸಿಗೆ ಸೇರಿದ್ದು, ಪತ್ರಿಕೆ ಮೈಸೂರಿನದು. ಆದ್ದರಿಂದ ನಾನು ಪರರಾಜ್ಯದ ಸುದ್ದಿ ಕಳಿಸುವವನೆಂದು ಭಾವ ಆಗಾಗ ಮರ್ಯಾದೆ ಕೊಡುವುದುಂಟು. ಕಂಡದ್ದು ಬೇರೆ, ಕೇಳಿದ್ದು ಬೇರೆ, ಊಹಿಸಿದ್ದು ಬೇರೆ ಎಂಬುದು ನಮ್ಮ ಸಂಪಾದಕರ ಮೊದಲ ಪಾಠ. ಪತ್ರಿಕೆಯಲ್ಲಿ ಇದರಿಂದ ಒಳ್ಳೆಯ ಹೆಸರು ಬರುತ್ತದೆ, ಮನೆಯಲ್ಲಿ ಬರುವುದಿಲ್ಲ. ಹೋದ ವರ್ಷ ಭಾವನ ಎತ್ತು ಕಳೆದುಹೋಗಿ ಮನೆಮಂದಿಯೆಲ್ಲ ಕಂಗಾಲಾಗಿ ಕೂತಿದ್ದಾಗ, ಅದನ್ನು ಕೊನೆಗೆ ಕಂಡವರು ಯಾರು, ಎಷ್ಟು ಹೊತ್ತಿಗೆ, ಯಾವ ದಿಕ್ಕಿಗೆ ಮುಖ ಮಾಡಿತ್ತು ಎಂದು ವಿಚಾರಿಸಿದೆ. ಎತ್ತು ತಾನಾಗಿಯೇ ಮನೆಗೆ ಬಂತು. ಭಾವ ಎತ್ತನ್ನು ಬೈಯಲಿಲ್ಲ, ಮೂರು ದಿನ ನನ್ನನ್ನು ಬೈದ.

ಇಂಥವನಿಗೆ ಬಿಸ್ಕತ್ತಿನ ಗೊಡವೆ ಏಕೆ ಬಂತೆಂದರೆ, ನಮ್ಮ ಪತ್ರಿಕೆಯಲ್ಲಿ ವಾರಕ್ಕೊಮ್ಮೆ ಅಡುಗೆಯ ಅಂಕಣ ಬರುತ್ತದೆ. ಅದನ್ನು ಬರೆಯುತ್ತಿದ್ದ ಹೆಂಗಸು ಬಾಣಂತನಕ್ಕೆ ತವರಿಗೆ ಹೋದರು. ಮದುವೆಯಾಗದವನು, ಬಿಡುವಾಗಿರುತ್ತಾನೆ ಎಂಬ ಆಧಾರದ ಮೇಲೆ ಸಂಪಾದಕರು ಆ ಜಾಗಕ್ಕೆ ನನ್ನನ್ನು ಹಾಕಿದರು. ನಾನು ಊರಿನ ವಾಚನಾಲಯದಲ್ಲಿ ಕೂತು ಹಳೆಯ ಇಂಗ್ಲಿಷ್ ಮಾಸಪತ್ರಿಕೆಯೊಂದರಿಂದ ಚೀಸ್ ಬಿಸ್ಕತ್ತು ಮಾಡುವ ವಿಧಾನವನ್ನು ಕನ್ನಡಕ್ಕೆ ಇಳಿಸಿದೆ. ಒಲೆಯ ಉಷ್ಣತೆ ಇಷ್ಟು ಡಿಗ್ರಿ ಇರಬೇಕೆಂದು ಅದರಲ್ಲಿತ್ತು. ನಮ್ಮ ಕಡೆ ಜ್ವರವನ್ನೇ ಡಿಗ್ರಿಯಲ್ಲಿ ಅಳೆಯುವುದು ಅಪರೂಪವಾದ್ದರಿಂದ 'ಹದವಾದ ಉರಿ' ಎಂದು ಬರೆದು ಕಳಿಸಿದೆ. ಅಚ್ಚಾಯಿತು. ನೋಡಲು ಚೆನ್ನಾಗಿಯೇ ಇತ್ತು.

ಎರಡು ವಾರಕ್ಕೆ ಯಳಂದೂರಿನ ಗೃಹಿಣಿಯೊಬ್ಬರಿಂದ ಪತ್ರಿಕೆಗೆ ಕಾಗದ ಬಂತು. ಅಂಕಣದಲ್ಲಿ ಹೇಳಿದಂತೆಯೇ ಮಾಡಿದೆ, ಚೀಸ್ ಎಂಬುದು ನಮ್ಮಲ್ಲಿ ಸಿಗದ ಕಾರಣ ಅದಕ್ಕೆ ಹತ್ತಿರದ ಪದಾರ್ಥವೆಂದು ತೋರಿದ ಗಿಣ್ಣು ಹಾಕಿದೆ, ನಮ್ಮ ಹಸು ಕರು ಹಾಕುವವರೆಗೆ ಕಾಯಬೇಕಾದ್ದರಿಂದ ಬರೆಯುವುದು ತಡವಾಯಿತು, ಬಂದದ್ದು ರೊಟ್ಟಿಯೂ ಅಲ್ಲ ವಡೆಯೂ ಅಲ್ಲ, ಇದನ್ನು ಬರೆದವರು ಒಮ್ಮೆಯಾದರೂ ಮಾಡಿ ನೋಡಿದ್ದಾರೆಯೇ ಎಂದು ತಿಳಿಸಬೇಕು ಎಂದು ಅವರು ಕೇಳಿದ್ದರು. ಸಂಪಾದಕರು ಆ ಕಾಗದವನ್ನು ನನಗೆ ರವಾನಿಸಿ, ಅಂಚಿನಲ್ಲಿ ಕೆಂಪು ಶಾಯಿಯಿಂದ 'ಮಾಡಿ ನೋಡಿದ್ದೀರಾ? ಇಲ್ಲವಾದರೆ ಮಾಡಿ. ಬುಧವಾರದ ಟಪಾಲಿಗೆ ಉತ್ತರ ಬರಬೇಕು. ಆಗದಿದ್ದರೆ ತಿದ್ದುಪಡಿ ಹಾಕೋಣ' ಎಂದು ಬರೆದಿದ್ದರು. ಆರು ವರ್ಷದಲ್ಲಿ ನನ್ನ ಹೆಸರಿಗೆ ಒಂದೂ ತಿದ್ದುಪಡಿ ಬಂದಿರಲಿಲ್ಲ. ಅದು ನನಗೆ ಸ್ವಲ್ಪ ಹೆಮ್ಮೆಯ ವಿಷಯ. ಸ್ವಲ್ಪ ಅಂದರೆ ಸುಳ್ಳಾಗುತ್ತದೆ.

ಚೀಸ್ ಹುಡುಕುವುದು ನಾನು ಎಣಿಸಿದಷ್ಟು ಕಷ್ಟವಾಗಲಿಲ್ಲ. ಬಿಳಿಗಿರಿರಂಗನ ಬೆಟ್ಟದ ಕಾಫಿ ತೋಟವೊಂದರಲ್ಲಿ ಲೆಕ್ಕ ಬರೆಯುವ ರೈಟರಾಗಿದ್ದ ಪರಿಚಯದವರಿಗೆ ಬರೆದೆ. ಅವರು ತೋಟದ ಬಿಳಿ ದೊರೆಯ ಉಗ್ರಾಣದಿಂದ ಕೇಳಿಯೇ ತೆಗೆದುಕೊಂಡ ಒಂದು ಡಬ್ಬಿಯನ್ನು ಬೆಟ್ಟದಿಂದ ಯಳಂದೂರಿಗೆ ಬರುವ ಬಸ್ಸಿನವರ ಕೈಗೆ ಕೊಟ್ಟರು. ಯಳಂದೂರಿಗೆ ಹೋಗಿ ಇಸಿದುಕೊಂಡು ಬಂದೆ. ಕಾಗದ ಬರೆದ ಗೃಹಿಣಿಯ ಮನೆ ಬಸ್ ನಿಲ್ಲುವಲ್ಲಿಂದ ಕೂಗಳತೆಯ ದೂರ ಎಂದು ಗೊತ್ತಿತ್ತು; ಆ ಕಡೆ ಮುಖ ಮಾಡದೆ ನಿಂತಿದ್ದೆ. ಎರಡು ರಾಜ್ಯಗಳ ಗಡಿಯಲ್ಲಿ ಪಾನನಿಷೇಧದ ತಪಾಸಣೆಗೆಂದು ಬಸ್ ನಿಲ್ಲಿಸಿದ ಪೇದೆ ನನ್ನ ಚೀಲ ಬಿಚ್ಚಿಸಿದ. ಮೊಹರು ಹಾಕಿದ ಡಬ್ಬಿಯನ್ನು ಕಿವಿಯ ಹತ್ತಿರ ಅಲುಗಿಸಿದ. ಒಳಗೆ ಏನೂ ಅಲುಗಲಿಲ್ಲ. ಇದು ಹಾಲನ್ನು ಒಡೆಸಿ, ಗಟ್ಟಿಮಾಡಿ, ತಿಂಗಳುಗಟ್ಟಲೆ ಇಟ್ಟು ಮಾಡಿದ್ದು ಎಂದು ವಿವರಿಸಿದೆ.

"ಕೆಟ್ಟೋದ್ ಆಲ್ನ ಡಬ್ಬಿಗ್ ತುಂಬವ್ರಾ ಸಾ?" ಎಂದ ಅವನು, ನಿಜವಾಗಿಯೂ ತಿಳಿದುಕೊಳ್ಳುವ ಆಸೆಯಿಂದ. "ನಮ್ಮನೇಲಿ ಕೆಟ್ರ ನಾಯಿಗ್ ಉಯ್ದ್ಬುಡ್ತೀವಿ." ಡಬ್ಬಿ ವಾಪಸು ಕೊಟ್ಟು, ಮುಟ್ಟಿದ ಕೈಯನ್ನು ಮೂಸಿ ನೋಡಿಕೊಂಡು, ಬಸ್ಸು ಬಿಡಲು ಹೇಳಿದ.

ಈಗ ಅಕ್ಕನ ವಿಷಯ ಹೇಳಬೇಕು. ಅಕ್ಕ ಚೆನ್ನಾಜಮ್ಮ ರೇಷ್ಮೆಹುಳು ಸಾಕುತ್ತಾಳೆ. ಮೊದಲೆಲ್ಲ ಆ ಮನೆಯಲ್ಲಿ ಹುಳು ಸಾಕುತ್ತಿದ್ದವರು ಅವಳ ಅತ್ತೆ. ಬಿದಿರು ತಟ್ಟೆಗಳಲ್ಲಿ ಹುಳು ಬಿಟ್ಟ ಕೋಣೆಗೆ ಅವರು ಯಾರನ್ನೂ ಕಾಲು ತೊಳೆಯದೆ ಬಿಡುತ್ತಿರಲಿಲ್ಲ. ಒಳಗೆ ಹೋಗುವ ಮುಂಚೆ ಬಾಗಿಲಲ್ಲಿ ಒಂದು ಗಳಿಗೆ ನಿಂತು ಕಿವಿಗೊಡುತ್ತಿದ್ದರು. ದೊಡ್ಡ ಹುಳುಗಳು ಸೊಪ್ಪು ತಿನ್ನುವ ಸದ್ದು ಹೆಂಚಿನ ಮೇಲೆ ಸೋನೆ ಮಳೆ ಬಿದ್ದಂತೆ ಇರುತ್ತದೆ. "ಮಳೆ ಉಯ್ತಾ ಅದ" ಎಂದುಕೊಂಡು ಆಮೇಲೆ ಒಳಗೆ ಕಾಲಿಡುತ್ತಿದ್ದರು. ಮೊಮ್ಮಗಳು ರಾಜಮ್ಮನ ಮದುವೆಯ ಸೀರೆಗೆ ಅಂಗಡಿಯ ರೇಷ್ಮೆ ಹಾಕಕೂಡದು, ಮನೆಯ ಗೂಡಿನ ನೂಲೇ ಆಗಬೇಕು ಎಂಬುದು ಅವರ ಮಾತು. ಮದುವೆ ಕೌದಳ್ಳಿಯ ಹುಡುಗನ ಜೊತೆ ಗೊತ್ತಾಯಿತು. ಅದರ ಹಿಂದೆಯೇ ಅತ್ತೆ ತೀರಿಕೊಂಡರು. ಡಿಸೆಂಬರಿನ ಆ ಬೆಳೆ ಅಕ್ಕ ಒಬ್ಬಳೇ ಕೈ ಹಾಕಿದ ಮೊದಲನೆಯದು, ಸೀರೆಗೆಂದೇ ಎತ್ತಿಟ್ಟದ್ದು. ಕೆಟ್ಟರೆ ಅತ್ತೆಯ ಮಾತು ಕೆಟ್ಟಂತೆ ಎಂದು ಅಕ್ಕ ಬಾಯಿಬಿಟ್ಟು ಹೇಳಿರಲಿಲ್ಲ. ಆದರೆ ಅವಳೂ ಬಾಗಿಲಲ್ಲಿ ನಿಂತು ಕಿವಿಗೊಡಲು ಶುರುಮಾಡಿದ್ದಳು.

ಹುಳುಗಳು ಬೆಳೆಯುವಾಗ ನಾಲ್ಕು ಸಲ ತಿನ್ನುವುದನ್ನು ಬಿಟ್ಟು, ತಲೆ ಎತ್ತಿ ಅಲುಗಾಡದೆ ಕೂತು, ಮೈ ಪೊರೆ ಕಳಚುತ್ತವೆ. ನಮ್ಮ ಕಡೆ ಅದಕ್ಕೆ ಜ್ವರ ಎನ್ನುತ್ತಾರೆ. ನಾಲ್ಕನೆಯ ಜ್ವರ ಮುಗಿಸಿ ಎದ್ದ ಮೇಲೆ ಗೂಡು ಕಟ್ಟುವವರೆಗೆ ಒಂದು ವಾರ ಅವು ರಾಕ್ಷಸರಂತೆ ತಿನ್ನುತ್ತವೆ. ಆ ವಾರ ಹುಳು ಸಾಕುವ ಮನೆಯಲ್ಲಿ ಘಾಟು ಏಳಕೂಡದು. ಬೆಳ್ಳುಳ್ಳಿ ಒಗ್ಗರಣೆ ಇಲ್ಲ, ಮೆಣಸಿನಕಾಯಿ ಹುರಿಯುವುದಿಲ್ಲ, ಭಾವ ಬೀಡಿ ಸೇದಲು ಬೀದಿಯ ಕೊನೆಗೆ ಹೋಗುತ್ತಾನೆ. ಅಕ್ಕ ಅಕ್ಕಪಕ್ಕದ ಮನೆಗಳಿಗೂ ಹೇಳಿಕಳಿಸಿದ್ದಳು, ಅವರೂ ಒಪ್ಪಿದ್ದರು. ಮೂರು ದಿನದಿಂದ ಆ ಬೀದಿಯಲ್ಲಿ ಎಲ್ಲರೂ ಸಪ್ಪೆ ಸಾರು ಉಣ್ಣುತ್ತಿದ್ದರು. ಚೀಸ್ ಡಬ್ಬಿ ಹಿಡಿದು ನಾನು ಒಳಗೆ ಬಂದದ್ದು ಆ ಹೊತ್ತಿಗೆ.

ಡಬ್ಬಿಯನ್ನು ಅಕ್ಕ ಆಕ್ಷೇಪಿಸಲಿಲ್ಲ. ಯಾವ ಹಸುವಿನದೋ ಏನೋ, ತನ್ನ ಪಾತ್ರೆಗೆ ಹಾಕದಿದ್ದರೆ ಸಾಕು ಎಂದಳು. ಮತ್ತೇನು ಬೇಕು ಎಂದು ಕೇಳಿದಳು. ಮೈದಾ, ಬೆಣ್ಣೆ, ಅಡುಗೆ ಸೋಡ ಎಂದೆ. ಕೊನೆಗೆ, ಮೇಲೆ ಸವರಲು ಬೆಳ್ಳುಳ್ಳಿ ಅರೆದು ಕಾಸಿದ ಬೆಣ್ಣೆ ಎಂದೂ ಹೇಳಿದೆ. ಮುಚ್ಚಿಡಲಿಲ್ಲ, ಇದು ನನ್ನ ಪರವಾಗಿ ದಾಖಲಾಗಬೇಕು.

"ಉಳ ನಾಕ್ನೆ ಜ್ವರ ಎದ್ದವ, ಬೆಳ್ಳುಳ್ಳಿ ಅಂತೀಯಲ್ಲ, ನಿಂಗ ಗ್ಯಾನ ಅದಾ?" ಎಂದಳು ಅಕ್ಕ. "ಗೂಡ್ ಬುಡ್ಸುದ್ ಮ್ಯಾಕ ಏನಾರ ಮಾಡ್ಕೊ. ಅಲ್ಲೀಗಂಟ ಬ್ಯಾಡ ಕಣ್ಲಾ."

ಗೂಡು ಬಿಡಿಸಲು ಇನ್ನೂ ಹತ್ತು ಹನ್ನೊಂದು ದಿನ. ನನ್ನ ಟಪಾಲು ಬುಧವಾರ. ಬೆಳ್ಳುಳ್ಳಿ ಬಿಟ್ಟು ಮಾಡಬಹುದಿತ್ತಲ್ಲ ಎಂದು ಓದುಗರು ಕೇಳಬಹುದು. ಅಂಕಣದಲ್ಲಿ ಬೆಳ್ಳುಳ್ಳಿ ಎಂದು ಅಚ್ಚಾಗಿತ್ತು. ಅರ್ಧ ಪರಿಶೀಲಿಸಿದ ಸುದ್ದಿಯನ್ನು ಪೂರ್ತಿ ಪರಿಶೀಲಿಸಿದ್ದೆಂದು ಹೇಳುವುದು ನನ್ನಿಂದಾಗದು. ಅಕ್ಕನ ಮಾತು ಮೀರುವುದು ನನ್ನಿಂದಾಯಿತು.

ಮಂಗಳವಾರ ಬೆಳಿಗ್ಗೆ ಭಾವ ಗೂಡು ಕಟ್ಟಿಸುವ ಬಿದಿರಿನ ಚಂದ್ರಿಕೆಗಳನ್ನು ತರಲು ಗಾಡಿ ಕಟ್ಟಿಕೊಂಡು ಲೊಕ್ಕನಹಳ್ಳಿ ಕಡೆಗೆ ಹೋಗಿದ್ದ. ಅಕ್ಕ ಸೊಪ್ಪು ಕೊಯ್ಯಲು ತೋಟಕ್ಕೆ ಹೋದಳು. ಮನೆಯಲ್ಲಿದ್ದವಳು ರಾಜಮ್ಮ. ನಾನು ಹಿತ್ತಲಿನ ತುದಿಯಲ್ಲಿ, ಹುಳುವಿನ ಕೋಣೆಯಿಂದ ಮನೆಯ ಉದ್ದದಷ್ಟು ದೂರದಲ್ಲಿ ಜಾಗ ಆರಿಸಿದೆ. ಒಂದು ಹಿಡಿ ಹುಲ್ಲಿಗೆ ಬೆಂಕಿ ಇಟ್ಟು ಹೊಗೆ ಯಾವ ಕಡೆ ಹೋಗುತ್ತದೆಂದು ನೋಡಿದೆ. ಹೊಗೆ ಕೋಣೆಗೆ ಬೆನ್ನು ತಿರುಗಿಸಿ ಬೇಲಿಯಾಚೆ ಹೋಯಿತು. ಕಾಲು ಗಂಟೆ ಬಿಟ್ಟು ಮತ್ತೊಮ್ಮೆ ನೋಡಿದೆ; ಮೂರನೆಯ ಸಲವೂ ನೋಡಿದೆ. ಎಲ್ಲ ಸಲವೂ ಗಾಳಿ ನನ್ನ ಪರವಾಗಿಯೇ ಇತ್ತು. ಪ್ರಕಟಣೆಗೆ ಇಷ್ಟು ಸಾಕು ಎಂದು ನಿರ್ಧರಿಸಿದೆ.

ಡಬ್ಬಿ ಬಿಚ್ಚಲು ಮಚ್ಚು ಬೇಕಾಯಿತು. ಒಳಗಿದ್ದದ್ದು ಬಟ್ಟೆ ಒಗೆಯುವ ಸೋಪಿನ ಬಣ್ಣದ್ದು, ಹದವೂ ಅದರದೇ. ರಾಜಮ್ಮ ಬಂದು ನೋಡಿ, ಇದನ್ನು ತಿನ್ನುವುದೇ ಅಥವಾ ಇದರಿಂದ ಕೈ ತೊಳೆಯುವುದೇ ಎಂದು ಕೇಳಿದಳು. ಒಂದು ಚೂರು ಬಾಯಿಗೆ ಹಾಕಿಕೊಂಡು, ಬೆರಳನ್ನು ಸೆರಗಿಗೆ ಒರೆಸಿಕೊಂಡಳು. ಚೀಸನ್ನು ಈಳಿಗೆಮಣೆಯಲ್ಲಿ ಸಣ್ಣಗೆ ಹೆಚ್ಚಿ, ಮೈದಾ ಬೆಣ್ಣೆಯ ಜೊತೆ ಕಲಸಿ, ಅಂಕಣದಲ್ಲಿ ಬರೆದಂತೆ ಒಂದು ಚಮಚ ಉಪ್ಪು ಹಾಕಿ, ನಿಪ್ಪಟ್ಟಿನಂತೆ ತಟ್ಟಿದೆ. ಮೇಲಿಂದಲೂ ಕೆಳಗಿಂದಲೂ ಶಾಖ ಬೇಕಲ್ಲ. ಮೂರು ಕಲ್ಲಿನ ಸೌದೆ ಒಲೆಯ ಮೇಲಿಟ್ಟ ಹಳೆಯ ಹಿತ್ತಾಳೆ ಕೊಳಗಕ್ಕೆ ಮರಳು ಸುರಿದು, ಅದರ ಮೇಲೆ ಬಿಸ್ಕತ್ತಿನ ತಟ್ಟೆ ಇಟ್ಟು, ಮುಚ್ಚಳದ ಮೇಲೆ ಕೆಂಡ ಹರಡುವುದೆಂದು ಗೊತ್ತುಮಾಡಿಕೊಂಡೆ. ಕೆಂಡಕ್ಕೆ ಇದ್ದಿಲು ಹುಡುಕಿದರೆ ಇರಲಿಲ್ಲ. ಚಳಿಗಾಲವಾದ್ದರಿಂದ ಹುಳುವಿನ ಕೋಣೆ ಬೆಚ್ಚಗಿರಲೆಂದು ಎರಡು ಅಗ್ಗಿಷ್ಟಿಕೆ ಇಟ್ಟಿದ್ದರು, ಇದ್ದಿಲೆಲ್ಲ ಅವುಗಳಲ್ಲಿತ್ತು. ಬಿಸಿಲು ಏರಿದೆ, ಒಂದು ಗಂಟೆಯ ಮಟ್ಟಿಗೆ ಒಂದು ಸಾಕು ಎಂದು ರಾಜಮ್ಮ ಇನ್ನೊಂದನ್ನು ತಂದು ನನ್ನ ಮುಂದಿಟ್ಟಳು. ಅವ್ವ ಬರುವ ಮೊದಲು ವಾಪಸು ಇಡಬೇಕು ಎಂದಳು. ಖಂಡಿತ ಎಂದೆ.

ಬಿಸ್ಕತ್ತು ಬೆಂದವು. ನಾಲ್ಕು ಒಂದು ಬದಿಗೆ ಕಪ್ಪಾದವು, ಉಳಿದ ಎಂಟು ಹೊಂಬಣ್ಣಕ್ಕೆ ಬಂದು ಮಾಸಪತ್ರಿಕೆಯ ಚಿತ್ರವನ್ನು ದೂರದಿಂದ ಹೋಲುತ್ತಿದ್ದವು. ಬೆಳ್ಳುಳ್ಳಿ ಬೆಣ್ಣೆಯ ಬಟ್ಟಲು ಆರಬಾರದೆಂದು ಮುಚ್ಚಳದ ಮೇಲೆ, ಕೆಂಡಗಳ ನಡುವೆ ಇಟ್ಟಿದ್ದೆ. ಸವರಲೆಂದು ಮುಚ್ಚಳ ಎತ್ತುವಾಗ ಬಟ್ಟಲು ವಾಲಿ ಅರ್ಧ ಬೆಣ್ಣೆ ಕೆಂಡಕ್ಕೆ ಚೆಲ್ಲಿತು. ಚುಂಯ್ ಎಂದು ಹೊಗೆ ಎದ್ದು ಬೇಲಿಯಾಚೆ ಹೋಯಿತು. ಉಳಿದ ಬೆಣ್ಣೆ ಹನ್ನೆರಡಕ್ಕೂ ಸಾಕಾಯಿತು. ರಾಜಮ್ಮ ಎರಡು ತಿಂದು, ಚೆನ್ನಾಗಿದೆ ಎಂದೂ ಹೇಳದೆ ಇಲ್ಲ ಎಂದೂ ಹೇಳದೆ ಮೂರನೆಯದಕ್ಕೆ ಕೈ ಹಾಕಿದಳು. ನಾನು ಮುಚ್ಚಳದ ಮೇಲಿನ ಕೆಂಡಗಳನ್ನು, ಮನೆಯ ಇದ್ದಿಲು ಪೋಲಾಗಬಾರದೆಂದು, ಒಂದೂ ಬಿಡದೆ ಅಗ್ಗಿಷ್ಟಿಕೆಗೆ ತುಂಬಿದೆ. ರಾಜಮ್ಮ ಅದನ್ನು ಎತ್ತಿಕೊಂಡು ಹೋಗಿ ಕೋಣೆಯೊಳಗೆ ಮೊದಲಿದ್ದ ಜಾಗದಲ್ಲೇ ಇಟ್ಟು, ಬಾಗಿಲು ಎಳೆದುಕೊಂಡು ಬಂದಳು.

ಗಾಳಿಯನ್ನು ಮೂರು ಸಲ ಪರೀಕ್ಷಿಸಿದ ನನಗೆ ಅಗ್ಗಿಷ್ಟಿಕೆಯನ್ನು ಒಮ್ಮೆ ಮೂಸಬೇಕೆಂದು ಹೊಳೆಯಲಿಲ್ಲ. ರಾಜಮ್ಮನಿಗೂ ತಿಳಿಯಲಿಲ್ಲ, ಒಂದು ಗಂಟೆ ಆ ಘಾಟಿನಲ್ಲೇ ಕೂತಿದ್ದ ನಮ್ಮ ಮೂಗುಗಳಿಗೆ ಲೋಕವೆಲ್ಲ ಹಾಗೆಯೇ ಇರುವಂತೆ ತೋರಿತ್ತು. ನಾನು ಒಳಗೆ ಕೂತು ಸಂಪಾದಕರಿಗೆ ಉತ್ತರ ಬರೆಯತೊಡಗಿದೆ. 'ಪರಿಶೀಲಿಸಲಾಗಿದೆ' ಎಂಬುದು ಮೊದಲ ಪದ.

ಅಕ್ಕ ತಲೆಯ ಮೇಲೆ ಸೊಪ್ಪಿನ ಹೊರೆ ಹೊತ್ತು ಬಂದು, ಹೊರೆ ಇಳಿಸಿ, ಕಾಲು ತೊಳೆದು, ಕೋಣೆಯ ಬಾಗಿಲಲ್ಲಿ ನಿಂತಳು. ನಿಂತೇ ಇದ್ದಳು. ಸಾಮಾನ್ಯವಾಗಿ ನಿಲ್ಲುವುದಕ್ಕಿಂತ ಹೆಚ್ಚು ಹೊತ್ತಾಯಿತೆಂದು ನಾನು ಬರೆಯುತ್ತಿದ್ದ ಕಡೆಯಿಂದ ತಲೆ ಎತ್ತಿ ನೋಡಿದೆ.

"ಮಳೆ ನಿಂತದ," ಎಂದಳು.

ಬಾಗಿಲು ತೆಗೆದಾಗ ಬಂದ ವಾಸನೆ ನನಗೂ ತಿಳಿಯಿತು. ಬೆಣ್ಣೆ ಹೀರಿದ ಇದ್ದಿಲು ಬೂದಿಯ ಕೆಳಗೆ ಹೊಗೆಯಾಡುತ್ತಿತ್ತು. ಬೇಲಿಯಾಚೆ ಕಳಿಸಿದ್ದೇನೆಂದುಕೊಂಡ ಘಾಟು, ಮನೆಮಗಳಂತೆ ಸಲುಗೆಯಿಂದ ಒಳಗೆ ಹೋಗಿ ಬಾಗಿಲು ಹಾಕಿಕೊಂಡು ಕೂತಿತ್ತು. ತಟ್ಟೆಗಳ ಮೇಲೆ ಸೊಪ್ಪು ಹಾಗೇ ಇತ್ತು. ಹುಳುಗಳು ತಲೆ ಎತ್ತಿ, ಅಲುಗಾಡದೆ ಕೂತಿದ್ದವು. ಅಕ್ಕ ಬೈಯಲಿಲ್ಲ. ಸೆರಗಿನಿಂದ ಅಗ್ಗಿಷ್ಟಿಕೆ ಹಿಡಿದು ಹೊರಗೆ ತಂದು, ನನ್ನ ಕಾಗದಗಳ ಪಕ್ಕದಲ್ಲಿ ಇಟ್ಟು, ಮತ್ತೆ ಒಳಗೆ ಹೋದಳು. ರಾಜಮ್ಮ ಅಳುತ್ತಾ ಕಿಟಕಿ ತೆಗೆದಳು. ಹಳೆಯ ಸೊಪ್ಪು ತೆಗೆದು ಹೊಸದು ಹಾಕಿದರು. ನಾನು ನೀರು ತರಲು ಎದ್ದೆ. ಅಕ್ಕ ನಾನಿರುವ ಜಾಗದಲ್ಲಿ ಯಾರೂ ಇಲ್ಲವೆಂಬಂತೆ ದಾಟಿಕೊಂಡು ಹೋಗಿ ತಾನೇ ಸೇದಿ ತಂದಳು. ಸಂಜೆ ಭಾವ ಗಾಡಿ ನಿಲ್ಲಿಸಿ, ಮೂಗು ಅರಳಿಸಿ, ಯಾರ ಮನೆಯಲ್ಲಿ ಹಬ್ಬ ಎಂದು ಕೇಳಿದ. ನನ್ನ ಪಕ್ಕದಲ್ಲಿದ್ದ ಅಗ್ಗಿಷ್ಟಿಕೆ ಕಂಡು ಅವನಿಗೇ ತಿಳಿಯಿತು.

ನಾನು ಬುಧವಾರದ ಟಪಾಲು ತಪ್ಪಿಸಲಿಲ್ಲ. ಇದನ್ನು ಹೇಳಿಕೊಳ್ಳಲು ಅಷ್ಟೇನೂ ಇಷ್ಟವಿಲ್ಲ, ಆದರೆ ಸಂಗತಿ ಸಂಗತಿಯೇ. ಬಿಸ್ಕತ್ತು ಮಾಡಲಾಗಿದೆ, ಆಗಿದೆ, ಗಿಣ್ಣು ಹಾಕಿದರೆ ಆಗದು ಎಂದು ಬರೆದು, ಕೊನೆಗೆ 'ರೇಷ್ಮೆಹುಳು ಸಾಕಿರುವ ಮನೆಯವರು ಇದನ್ನು ಮಾಡಬಾರದು' ಎಂದು ಒಂದು ಸಾಲು ಸೇರಿಸಿದೆ. ಸಂಪಾದಕರು ಆ ಸಾಲನ್ನು ಅಡುಗೆಗೆ ಸಂಬಂಧವಿಲ್ಲದ್ದೆಂದು ಹೊಡೆದುಹಾಕಿದರು.

ಬುಧವಾರ ಮಧ್ಯಾಹ್ನದ ಹೊತ್ತಿಗೆ ಕೆಲವು ತಟ್ಟೆಗಳಲ್ಲಿ ಹನಿ ಬೀಳತೊಡಗಿತು. ಗುರುವಾರ ಸೋನೆ ಹಿಡಿಯಿತು. ಅಗ್ಗಿಷ್ಟಿಕೆಯ ಪಕ್ಕದಲ್ಲಿದ್ದ ಎರಡು ತಟ್ಟೆಗಳ ಹುಳುಗಳು ಮಾತ್ರ ಮತ್ತೆ ಸೊಪ್ಪು ಮುಟ್ಟಲಿಲ್ಲ. ಅಕ್ಕ ಅವನ್ನು ಗೊಬ್ಬರದ ಗುಂಡಿಗೆ ಹಾಕಿಬಂದು ಸ್ನಾನ ಮಾಡಿದಳು. ಅವು ಬೆಳ್ಳುಳ್ಳಿಯಿಂದಲೇ ಸತ್ತವೋ ಎಂಬುದಕ್ಕೆ ಖಚಿತ ಆಧಾರವಿಲ್ಲ. ಆ ಎರಡು ತಟ್ಟೆ ಮೊದಲಿಂದಲೂ ಸೊರಗಿದ್ದವು ಎಂದು ಭಾವ ಹೇಳಿದ. ನನ್ನ ಮೇಲಿನ ಕನಿಕರದಿಂದ ಹೇಳಿದನೇ, ಕಂಡು ಹೇಳಿದನೇ ಎಂದು ವಿಚಾರಿಸಬೇಕೆನಿಸಿತು. ಮೊದಲ ಬಾರಿಗೆ ವಿಚಾರಿಸಲಿಲ್ಲ.

ಉಳಿದ ಹುಳುಗಳು ಬಲಿತು ಹಣ್ಣಾದವು, ಚಂದ್ರಿಕೆ ಏರಿದವು, ಗೂಡು ಕಟ್ಟಿದವು. ಅಷ್ಟು ದಿನವೂ ಅಕ್ಕ ನನಗೆ ಊಟಕ್ಕೆ ಬಡಿಸಿದಳು, ಮಾತಾಡಲಿಲ್ಲ. ನಾನು ಎದುರಿಗೇ ಇದ್ದರೂ "ನಿಮ್ಮಾವನ್ಗ ಕೇಳು, ಮಜ್ಜಿಗ ಬೇಕಾ ಅಂತ" ಎಂದು ರಾಜಮ್ಮನ ಮೂಲಕ ಕೇಳಿಸುತ್ತಿದ್ದಳು. ಬೇಕು ಎಂದು ನಾನೂ ರಾಜಮ್ಮನಿಗೇ ಹೇಳುತ್ತಿದ್ದೆ. ಹನ್ನೊಂದನೆಯ ದಿನ ಗೂಡು ಬಿಡಿಸಿದರು. ಹಸಿರು ಬೆರೆತ ಹಳದಿ ಗೂಡುಗಳು ಕುಕ್ಕೆ ತುಂಬಿ ಪಡಸಾಲೆಯಲ್ಲಿ ಕೂತವು. ಅಕ್ಕ ಅವುಗಳ ಮುಂದೆ ಕಾಲು ಚಾಚಿ ಕೂತು, ಒಂದು ಗೂಡನ್ನು ಕಿವಿಯ ಹತ್ತಿರ ಅಲುಗಿಸಿ ನೋಡಿದಳು. ಗಡಿಯ ಪೇದೆಯ ನೆನಪಾಯಿತು. ಆಮೇಲೆ ಅಡುಗೆಮನೆಗೆ ಹೋಗಿ, ಕಾಫಿಪುಡಿ ಡಬ್ಬಿಯಲ್ಲಿ ರಾಜಮ್ಮ ಮುಚ್ಚಿಟ್ಟಿದ್ದ ಬಿಸ್ಕತ್ತೊಂದನ್ನು ತಂದು, ಮುರಿದು, ನಿಧಾನವಾಗಿ ಪೂರ್ತಿ ತಿಂದಳು. ಮುಗಿಸಿ, ನೇರವಾಗಿ ನನ್ನ ಕಡೆ ತಿರುಗಿದಳು.

"ಉಪ್ ಜಾಸ್ತಿ ಕಣ್ಲಾ," ಎಂದಳು. "ಅದ್ಯಾವ್ದೋ ಸೋಪ್ನಲ್ಲೆ ಉಪ್ಪದ. ಮೈದಾ ಇಟ್ಗ ಯಾಕ ಮತ್ತ ಆಕ್ದೆ?"

ಡಬ್ಬಿಯ ತಳದಲ್ಲಿ ಅಂಟಿಕೊಂಡಿದ್ದ ಚೀಸನ್ನು ಕೆರೆದು ಬಾಯಿಗೆ ಹಾಕಿಕೊಂಡು ನೋಡಿದೆ. ಹೌದು. ವಾಚನಾಲಯಕ್ಕೆ ಹೋಗಿ ಮಾಸಪತ್ರಿಕೆ ತೆಗೆದು ನೋಡಿದೆ. ಅಲ್ಲಿ ಉಪ್ಪು 'ಬೇಕಾದರೆ ಒಂದು ಚಿಟಿಕೆ' ಎಂದಿತ್ತು. ನಾನು ಅದನ್ನು ಒಂದು ಚಮಚ ಮಾಡಿದ್ದೆ. ಮಾಡಿ ನೋಡಿದಾಗಲೂ ನನಗೆ ತಿಳಿದಿರಲಿಲ್ಲ, ಏಕೆಂದರೆ ತಿದ್ದುಪಡಿಯ ಭಯದಲ್ಲಿದ್ದ ನಾನು ಒಂದನ್ನೂ ತಿಂದಿರಲಿಲ್ಲ; ಬೆಂದವೆಂದು ಕಣ್ಣಲ್ಲಿ ಕಂಡದ್ದೇ ಸಾಕೆಂದು ಬರೆದುಬಿಟ್ಟಿದ್ದೆ. ಮುಂದಿನ ವಾರದ ಅಂಕಣದ ಕೆಳಗೆ, ಸಣ್ಣ ಅಕ್ಷರದಲ್ಲಿ, ಆರು ವರ್ಷದಲ್ಲಿ ಮೊದಲನೆಯದಾಗಿ, ಚಮಚ ಎಂದಿರುವಲ್ಲಿ ಚಿಟಿಕೆ ಎಂದು ಓದಿಕೊಳ್ಳಬೇಕೆಂಬ ತಿದ್ದುಪಡಿ ಬಂತು. ಅಕ್ಕ ಪತ್ರಿಕೆ ಓದುವುದಿಲ್ಲ. ರಾಜಮ್ಮ ಓದಿ ಹೇಳಿದಳು. ಅಕ್ಕ ಹೂಂ ಎಂದಳಂತೆ.

ನೂಲು ತೆಗೆಸಿದ ಮೇಲೆ ಮಗ್ಗದವರು ತೂಗಿ ನೋಡಿ, ಸೀರೆಯ ಒಡಲಿಗೆ ಸಾಲುತ್ತದೆ, ಸೆರಗಿಗೆ ಸಾಲದು ಎಂದರು. ಎರಡು ತಟ್ಟೆಯಷ್ಟು ಕಡಿಮೆ. ಸೆರಗಿನ ಮಟ್ಟಿಗೆ ಅಂಗಡಿಯ ರೇಷ್ಮೆ ತನ್ನಿ, ಯಾರಿಗೂ ಗೊತ್ತಾಗುವುದಿಲ್ಲ ಎಂದರು. ಅಕ್ಕ ಒಪ್ಪಲಿಲ್ಲ. ಮದುವೆಗೆ ಇನ್ನೂ ಸಮಯವಿದೆ, ಇನ್ನೊಂದು ಬೆಳೆ ಎತ್ತುತ್ತೇನೆ, ಅಲ್ಲಿಯವರೆಗೆ ಮಗ್ಗ ಕಾಯಲಿ ಎಂದಳು. ಮಗ್ಗ ಕಾಯುತ್ತಿದೆ.

ಈ ಪ್ರಬಂಧವನ್ನು ಹನೂರಿನಲ್ಲಿ, ಗೆಳೆಯರಾದ ಮೇಷ್ಟರೊಬ್ಬರ ಮನೆಯ ಜಗಲಿಯ ಮೇಲೆ ಕೂತು ಬರೆಯುತ್ತಿದ್ದೇನೆ. ಮೇಷ್ಟರ ಹೆಂಡತಿ ಪತ್ರಿಕೆಯಲ್ಲಿ ಓದಿದ್ದಾರಂತೆ. ಆ ಬಿಸ್ಕತ್ತನ್ನು ಇಲ್ಲಿ ಒಮ್ಮೆ ಮಾಡಿ ತೋರಿಸಬೇಕೆಂದು ಕೇಳಿದರು. ಬೀದಿಯಲ್ಲಿ ಯಾರಾದರೂ ಹುಳು ಸಾಕಿದ್ದಾರೆಯೇ ಎಂದು ವಿಚಾರಿಸಿದೆ. ಮೂರು ಮನೆಯಲ್ಲಿ ಇವೆ ಎಂದರು.

ಇವತ್ತಿನ ಬಸ್ಸಿನಲ್ಲಿ ಕೊಳ್ಳೇಗಾಲದಿಂದ ರಾಜಮ್ಮನ ಚೀಟಿ ಬಂದಿದೆ. ಅಕ್ಕನ ಹುಳುಗಳು ಮೊನ್ನೆ ನಾಲ್ಕನೆಯ ಜ್ವರ ಎದ್ದವು. ಮಳೆ ಜೋರಾಗಿದೆ. ನಾನು ಗೂಡು ಬಿಡಿಸಿದ ಮೇಲೆಯೇ ಮನೆಗೆ ಬರಬೇಕಂತೆ.